ಓದುಗರ ಪ್ರಶ್ನೆಗಳು: ಡಿಯಾನ್ ಹೆಮಿಂಗ್ಸ್ ಮತ್ತು ಹತ್ತು ಹರ್ಡಲ್‌ಗಳ ಓಟ

ಜಮೈಕಾದ ವೇಗದ ಓಟಗಾರ್ತಿಯರನ್ನು ಕುರಿತು ಕಳೆದ ಸಂಚಿಕೆಯಲ್ಲಿ ಬರೆದಾಗ ಡಿಯಾನ್ ಹೆಮಿಂಗ್ಸ್ ಅವರ ಹೆಸರನ್ನು ಒಂದೇ ಸಾಲಿನಲ್ಲಿ ಹೇಳಿ ಮುಂದಕ್ಕೆ ಹೋಗಿದ್ದೆ. ಆ ಒಂದು ಸಾಲನ್ನು ಹಿಡಿದು ಹಲವರು ಪತ್ರ ಬರೆದಿದ್ದಾರೆ. ಈ ಓಟಗಾರ್ತಿಗೆ ಅಷ್ಟು ಕಡಿಮೆ ಜಾಗ ಕೊಟ್ಟದ್ದು ಸರಿಯಲ್ಲ ಎಂದು ಅವರಲ್ಲಿ ಇಬ್ಬರು ನೇರವಾಗಿಯೇ ಹೇಳಿದ್ದಾರೆ. ಅವರ ಮಾತು ನಿಜ. ಆದ್ದರಿಂದ ಈ ಬಾರಿಯ ಅಂಕಣವನ್ನು ಪೂರ್ತಿಯಾಗಿ ಅವರಿಗೇ ಮೀಸಲಿಟ್ಟಿದ್ದೇನೆ.

ಪ್ರಶ್ನೆ: ಜಮೈಕಾಕ್ಕೆ ಒಲಿಂಪಿಕ್ ಚಿನ್ನ ತಂದ ಮೊದಲ ಮಹಿಳೆ ಮರ್ಲೀನ್ ಓಟಿ ಎಂದು ನಾವೆಲ್ಲ ತಿಳಿದುಕೊಂಡಿದ್ದೆವು. ನೀವು ಹೆಮಿಂಗ್ಸ್ ಎಂದು ಬರೆದಿದ್ದೀರಿ. ಯಾವುದು ಸರಿ?
(ದೈಹಿಕ ಶಿಕ್ಷಣ ವಿದ್ಯಾರ್ಥಿನಿ, ಧಾರವಾಡ)

ಉತ್ತರ: ಹೆಮಿಂಗ್ಸ್ ಎಂಬುದೇ ಸರಿ. ಹಾಗೆಂದು ನಿಮ್ಮ ತಿಳಿವಳಿಕೆ ಆಧಾರವಿಲ್ಲದ್ದೇನೂ ಅಲ್ಲ. 1980ರ ಮಾಸ್ಕೊ ಒಲಿಂಪಿಕ್ಸ್‌ನಲ್ಲಿ 200 ಮೀಟರ್ ಓಟದ ಕಂಚಿನಿಂದ ಆರಂಭಿಸಿ 2000ದ ಸಿಡ್ನಿಯವರೆಗೆ ಒಟ್ಟು ಒಂಬತ್ತು ಒಲಿಂಪಿಕ್ ಪದಕಗಳನ್ನು ಗೆದ್ದ ಮರ್ಲೀನ್ ಓಟಿ ಎರಡು ದಶಕಗಳ ಕಾಲ ಜಮೈಕಾದ ಮಹಿಳಾ ಅಥ್ಲೆಟಿಕ್ಸ್‌ಗೆ ಇನ್ನೊಂದು ಹೆಸರೇ ಆಗಿದ್ದರು. ಆದರೆ ಆ ಒಂಬತ್ತರಲ್ಲಿ ಒಂದೂ ಚಿನ್ನವಿಲ್ಲ. 1996ರ ಅಟ್ಲಾಂಟಾ ಕೂಟದಲ್ಲಿ, ಜುಲೈ 27ರಂದು, 100 ಮೀಟರ್ ಫೈನಲ್‌ನಲ್ಲಿ ಅಮೆರಿಕದ ಗೇಲ್ ಡೆವರ್ಸ್ ಮತ್ತು ಓಟಿ ಇಬ್ಬರ ಕಾಲವೂ 10.94 ಸೆಕೆಂಡ್ ಎಂದೇ ದಾಖಲಾಯಿತು. ಮುಕ್ತಾಯದ ಗೆರೆಯ ಚಿತ್ರವನ್ನು ಪರಿಶೀಲಿಸಿ ಚಿನ್ನವನ್ನು ಡೆವರ್ಸ್‌ಗೆ ಕೊಟ್ಟರು. ಆಗಸ್ಟ್ 1ರಂದು 200 ಮೀಟರ್ ಓಟದಲ್ಲಿ ಫ್ರಾನ್ಸಿನ ಮರಿ-ಜೋಸ್ ಪೆರೆಕ್ ಮುಂದೆ ಬಂದರು, ಓಟಿಗೆ ಮತ್ತೆ ಬೆಳ್ಳಿಯೇ ದಕ್ಕಿತು. ಈ ಎರಡು ಬೆಳ್ಳಿಗಳ ನಡುವೆ, ಜುಲೈ 31ರಂದು, 400 ಮೀಟರ್ ಹರ್ಡಲ್ಸ್‌ನಲ್ಲಿ, ಅಂದರೆ ದಾರಿಯಲ್ಲಿ ನಿಲ್ಲಿಸಿದ ಹತ್ತು ಅಡೆತಡೆಗಳನ್ನು ಹಾರುತ್ತ ಓಡುವ ಸ್ಪರ್ಧೆಯಲ್ಲಿ, ಡಿಯಾನ್ ಹೆಮಿಂಗ್ಸ್ ಚಿನ್ನ ಗೆದ್ದರು. ಇಡೀ ದ್ವೀಪ ಇಪ್ಪತ್ತು ವರ್ಷಗಳಿಂದ ಕಾಯುತ್ತಿದ್ದ ಚಿನ್ನ ಯಾರ ಕೊರಳಿಗೆ ಬೀಳಬಹುದು ಎಂದುಕೊಂಡಿದ್ದರೋ ಅವರ ಬದಲಿಗೆ, ಅವರದೇ ತಂಡದ ಇನ್ನೊಬ್ಬಳ ಕೊರಳಿಗೆ ಬಿತ್ತು.

ಇಪ್ಪತ್ತು ವರ್ಷ ಎಂದದ್ದು ಬಾಯಿಮಾತಿಗಲ್ಲ. ಜಮೈಕಾದ ಒಲಿಂಪಿಕ್ ಚಿನ್ನಗಳ ಪಟ್ಟಿ ಆಗ ಬಹಳ ಚಿಕ್ಕದು: 1948ರಲ್ಲಿ ಲಂಡನ್ನಿನಲ್ಲಿ ಆರ್ಥರ್ ವಿಂಟ್, 1952ರಲ್ಲಿ ಹೆಲ್ಸಿಂಕಿಯಲ್ಲಿ ಜಾರ್ಜ್ ರೋಡನ್ ಹಾಗೂ ಪುರುಷರ 4x400 ರಿಲೆ ತಂಡ, 1976ರಲ್ಲಿ ಮಾಂಟ್ರಿಯಲ್‌ನಲ್ಲಿ 200 ಮೀಟರ್ ಗೆದ್ದ ಡಾನ್ ಕ್ವಾರಿ. ಇವೆಲ್ಲ ಪುರುಷರು ತಂದ ಚಿನ್ನ. ಐದನೆಯದು ಹೆಮಿಂಗ್ಸ್ ಅವರದು. ಅಟ್ಲಾಂಟಾದಲ್ಲಿ ಜಮೈಕಾ ಆರು ಪದಕ ಗೆದ್ದಿತು, ಚಿನ್ನ ಇದೊಂದೇ. ಆ ದೇಶ ಮತ್ತೊಂದು ಚಿನ್ನ ಕಂಡದ್ದು 2004ರ ಅಥೆನ್ಸ್‌ನಲ್ಲಿ, ವೆರೋನಿಕಾ ಕ್ಯಾಂಪ್‌ಬೆಲ್ ಅವರ ಕಾಲದಲ್ಲಿ. ಉಸೇನ್ ಬೋಲ್ಟ್ ಮತ್ತು ಶೆಲ್ಲಿ-ಆ್ಯನ್ ಫ್ರೇಸರ್ ಬಂದಮೇಲೆ ಜಮೈಕಾಕ್ಕೆ ಚಿನ್ನವೆಂಬುದು ನೀರು ಕುಡಿದಷ್ಟು ಸಲೀಸು ಎಂಬ ಭಾವನೆ ನಮ್ಮಲ್ಲಿ ಬೆಳೆದಿರುವುದರಿಂದ 1976 ಮತ್ತು 2004ರ ನಡುವಣ ಆ ಒಂದೇ ಒಂದು ಚಿನ್ನದ ತೂಕ ನಮಗೆ ಥಟ್ಟನೆ ಅರಿವಾಗುವುದಿಲ್ಲ.

ಪ್ರಶ್ನೆ: ಅವರು ಎಲ್ಲಿಯವರು? ಅಮೆರಿಕದ ದೊಡ್ಡ ವಿಶ್ವವಿದ್ಯಾಲಯದ ಸವಲತ್ತುಗಳಿಲ್ಲದೆ ಇಷ್ಟು ಎತ್ತರಕ್ಕೆ ಹೋಗಲು ಸಾಧ್ಯವಿತ್ತೇ?
(ನಿವೃತ್ತ ಬ್ಯಾಂಕ್ ಉದ್ಯೋಗಿ, ಮೈಸೂರು)

ಉತ್ತರ: ಹುಟ್ಟಿದ್ದು 1968ರ ಅಕ್ಟೋಬರ್ 9ರಂದು, ಜಮೈಕಾದ ಉತ್ತರ ಕರಾವಳಿಯ ಸೇಂಟ್ ಆ್ಯನ್ ಎಂಬ ಆಡಳಿತ ವಿಭಾಗದಲ್ಲಿ. ಸಂಗೀತಪ್ರಿಯರಿಗೆ ಬಾಬ್ ಮಾರ್ಲಿಯ ಹುಟ್ಟೂರಿನ ಸೀಮೆ ಎಂದರೆ ಬೇಗ ನೆನಪಿಗೆ ಬಂದೀತು.

ವಿಶ್ವವಿದ್ಯಾಲಯದ ವಿಷಯದಲ್ಲಿ ನಿಮ್ಮ ಊಹೆ ಅರ್ಧ ಸರಿ, ಅರ್ಧ ತಪ್ಪು. ಅವರು ಅಮೆರಿಕಕ್ಕೆ ಹೋದದ್ದು ನಿಜ, ಆದರೆ ಸೇರಿದ್ದು ದೂರದರ್ಶನದಲ್ಲಿ ಹೆಸರು ಕೇಳಿಬರುವ ಶ್ರೀಮಂತ ಸಂಸ್ಥೆಗಳನ್ನಲ್ಲ. ಓಹಾಯೋ ರಾಜ್ಯದ ವಿಲ್ಬರ್‌ಫೋರ್ಸ್ ಎಂಬ ಪುಟ್ಟ ಊರಿನಲ್ಲಿರುವ ಸೆಂಟ್ರಲ್ ಸ್ಟೇಟ್ ವಿಶ್ವವಿದ್ಯಾಲಯವನ್ನು. ಅದು ಕಪ್ಪು ಜನಾಂಗದ ವಿದ್ಯಾರ್ಥಿಗಳಿಗಾಗಿ ಬೆಳೆದುಬಂದ ಐತಿಹಾಸಿಕ ವಿದ್ಯಾಸಂಸ್ಥೆಗಳಲ್ಲೊಂದು. ಸಣ್ಣ ಕಾಲೇಜುಗಳ ಪ್ರತ್ಯೇಕ ಒಕ್ಕೂಟದಲ್ಲಿ ಸ್ಪರ್ಧಿಸುತ್ತಿದ್ದ ಆ ಸಂಸ್ಥೆಯಲ್ಲಿ ಅವರಿಗೆ ಸಿಕ್ಕ ದೊಡ್ಡ ಸೌಲಭ್ಯವೆಂದರೆ ಒಬ್ಬ ಮನುಷ್ಯ. ತರಬೇತುದಾರ ಜಾಶ್ ಕಲ್‌ಬ್ರೆತ್ 1956ರ ಮೆಲ್ಬರ್ನ್ ಒಲಿಂಪಿಕ್ಸ್‌ನಲ್ಲಿ ಪುರುಷರ 400 ಮೀಟರ್ ಹರ್ಡಲ್ಸ್‌ನ ಕಂಚು ಗೆದ್ದವರು. ಆ ಸ್ಪರ್ಧೆಯ ಮೂರೂ ಪದಕಗಳು ಅಮೆರಿಕನ್ನರ ಪಾಲಾಗಿದ್ದವು. ಎಂಬತ್ತರ ದಶಕದ ಕೊನೆಯಲ್ಲಿ ಸೆಂಟ್ರಲ್ ಸ್ಟೇಟ್‌ಗೆ ಬಂದ ಕಲ್‌ಬ್ರೆತ್ ಆ ಚಿಕ್ಕ ಸಂಸ್ಥೆಯ ತಂಡಗಳನ್ನು ಮತ್ತೆ ಮತ್ತೆ ತಮ್ಮ ಒಕ್ಕೂಟದ ಚಾಂಪಿಯನ್ನರನ್ನಾಗಿ ಮಾಡಿದರು. ಹತ್ತು ಹರ್ಡಲ್‌ಗಳ ಈ ಓಟದಲ್ಲಿ ಎಲ್ಲಿ ಉಸಿರು ಉಳಿಸಬೇಕು, ಎಲ್ಲಿ ಖರ್ಚು ಮಾಡಬೇಕು ಎಂಬುದನ್ನು ಮೈಮೇಲೆ ಅನುಭವಿಸಿದ ಗುರುವಿನ ಕೈಗೆ ಹೆಮಿಂಗ್ಸ್ ಸಿಕ್ಕಿದ್ದು ಅವರ ಬದುಕಿನ ದೊಡ್ಡ ತಿರುವು ಎಂದು ನಾನು ತಿಳಿಯುತ್ತೇನೆ.

ಪ್ರಶ್ನೆ: ಅಟ್ಲಾಂಟಾ ಫೈನಲ್‌ನಲ್ಲಿ ವಿಶ್ವ ದಾಖಲೆ ಹೊಂದಿದ್ದ ಓಟಗಾರ್ತಿಯೇ ಇದ್ದರಲ್ಲವೇ? ಅವರನ್ನು ಹೆಮಿಂಗ್ಸ್ ಸೋಲಿಸಿದ್ದು ಅನಿರೀಕ್ಷಿತವೇ, ಅಥವಾ ಮೊದಲೇ ಸೂಚನೆಗಳಿದ್ದವೇ? ಈ ಓಟದ ಒಳಸೂಕ್ಷ್ಮವನ್ನೂ ಸ್ವಲ್ಪ ವಿವರಿಸಿ.
(ಪ್ರೌಢಶಾಲಾ ಶಿಕ್ಷಕ, ಕುಂದಾಪುರ)

ಉತ್ತರ: ಮೊದಲು ಒಳಸೂಕ್ಷ್ಮವನ್ನೇ ಹೇಳುತ್ತೇನೆ, ಏಕೆಂದರೆ ಅದು ಗೊತ್ತಿಲ್ಲದೆ ಆ ಸಂಜೆಯ ಬೆಲೆ ತಿಳಿಯದು. ಮಹಿಳೆಯರ 400 ಮೀಟರ್ ಹರ್ಡಲ್ಸ್‌ನಲ್ಲಿ ಪ್ರತಿ ಹರ್ಡಲ್‌ನ ಎತ್ತರ 76.2 ಸೆಂಟಿಮೀಟರ್. ಆರಂಭದ ಗೆರೆಯಿಂದ ಮೊದಲ ಹರ್ಡಲ್‌ಗೆ 45 ಮೀಟರ್, ಒಂದರಿಂದ ಇನ್ನೊಂದಕ್ಕೆ 35 ಮೀಟರ್, ಹತ್ತನೆಯದರಿಂದ ಮುಕ್ತಾಯದ ಗೆರೆಗೆ 40 ಮೀಟರ್. ಎತ್ತರ ನೋಡಿದರೆ ಹೆದರಿಕೆ ಹುಟ್ಟಿಸುವಂಥದ್ದಲ್ಲ. ನಿಜವಾದ ಕಷ್ಟ ಇರುವುದು ಆ 35 ಮೀಟರ್‌ಗಳ ಲೆಕ್ಕದಲ್ಲಿ. ನುರಿತ ಓಟಗಾರ್ತಿಯರು ಎರಡು ಹರ್ಡಲ್‌ಗಳ ನಡುವೆ ಸಾಮಾನ್ಯವಾಗಿ ಹದಿನೈದು ಹೆಜ್ಜೆ ಹಾಕುತ್ತಾರೆ. ಬೆಸಸಂಖ್ಯೆಯ ಹೆಜ್ಜೆಗಳಾದರೆ ಪ್ರತಿ ಬಾರಿಯೂ ಅದೇ ಕಾಲು ಮುಂದೆ ಚಾಚಿ ಹರ್ಡಲ್ ದಾಟಬಹುದು. ಓಟದ ಉತ್ತರಾರ್ಧದಲ್ಲಿ ತೊಡೆಗಳು ಕಲ್ಲಾಗಿ ಹೆಜ್ಜೆಯ ಉದ್ದ ಕುಗ್ಗಿದಾಗ ಹದಿನೈದು ಹದಿನಾರಾಗುತ್ತದೆ. ಆಗ ಇನ್ನೊಂದು ಕಾಲನ್ನು ಮುಂದೆ ಮಾಡಿ ಹಾರಬೇಕು. ಒಂದೇ ಕಾಲು ಪಳಗಿದವರು ಹದಿನೇಳು ಚಿಕ್ಕ ಹೆಜ್ಜೆಗಳಿಗೆ ಇಳಿಯಬೇಕಾಗುತ್ತದೆ, ಇಲ್ಲವೇ ಹರ್ಡಲ್‌ನ ಎದುರಿನಲ್ಲಿ ತಡವರಿಸುತ್ತಾರೆ. ಎಂಟನೆಯ ಹರ್ಡಲ್‌ನವರೆಗೆ ಮುಂದಿದ್ದವರು ಹತ್ತನೆಯದರ ಹೊತ್ತಿಗೆ ನಾಲ್ಕನೆಯವರಾಗುವುದು ಈ ಕಾರಣಕ್ಕೇ. ಅಂದರೆ ಇಲ್ಲಿ ವೇಗಕ್ಕಿಂತ ಮಿಗಿಲಾಗಿ, ದಣಿದ ಮೇಲೂ ಹೆಜ್ಜೆಯ ಲಯ ಕೆಡದಂತೆ ಓಡುವವರು ಗೆಲ್ಲುತ್ತಾರೆ.

ಇನ್ನು ಅನಿರೀಕ್ಷಿತವೇ ಎಂಬ ಮಾತು. ಪ್ರಪಂಚದ ಕಣ್ಣಿಗೆ ಅನಿರೀಕ್ಷಿತ. ಅದಕ್ಕೆ ಹಿಂದಿನ ವರ್ಷ, 1995ರಲ್ಲಿ, ಸ್ವೀಡನ್ನಿನ ಗೋಥೆನ್‌ಬರ್ಗ್ ವಿಶ್ವ ಚಾಂಪಿಯನ್‌ಷಿಪ್‌ನಲ್ಲಿ ಅಮೆರಿಕದ ಕಿಮ್ ಬ್ಯಾಟನ್ 52.61 ಸೆಕೆಂಡ್ ಮತ್ತು ಟಾನ್ಯಾ ಬುಫರ್ಡ್ 52.62 ಸೆಕೆಂಡ್ ಓಡಿ, ಇಬ್ಬರೂ ಆವರೆಗಿನ ವಿಶ್ವ ದಾಖಲೆಯನ್ನು ಮೀರಿದ್ದರು. ಆ ಓಟದಲ್ಲಿ 53.48 ಸೆಕೆಂಡ್‌ನೊಂದಿಗೆ ಮೂರನೆಯವರಾಗಿ ಬಂದ ಹೆಮಿಂಗ್ಸ್ ಅವರನ್ನು ಯಾರೂ ಹೆಚ್ಚಾಗಿ ಗಮನಿಸಲಿಲ್ಲ. ಬೆಳ್ಳಿಗೂ ಅವರಿಗೂ ಇದ್ದ ಅಂತರ ಮುಕ್ಕಾಲು ಸೆಕೆಂಡಿಗಿಂತ ಹೆಚ್ಚು. ಹೀಗಾಗಿ ಅಟ್ಲಾಂಟಾದಲ್ಲಿ, ಅದೂ ತವರಿನ ಪ್ರೇಕ್ಷಕರ ಎದುರು, ಆ ಇಬ್ಬರು ಅಮೆರಿಕನ್ನರ ನಡುವೆಯೇ ಚಿನ್ನ ತೀರ್ಮಾನವಾಗುತ್ತದೆ ಎಂಬ ಎಣಿಕೆ ಸಹಜವಾಗಿತ್ತು. 1992ರ ಒಲಿಂಪಿಕ್ ಚಾಂಪಿಯನ್, ಬ್ರಿಟನ್ನಿನ ಸ್ಯಾಲಿ ಗನೆಲ್ ಸೆಮಿಫೈನಲ್‌ನಲ್ಲಿ ಗಾಯದಿಂದ ಓಟವನ್ನು ಅರ್ಧಕ್ಕೆ ನಿಲ್ಲಿಸಬೇಕಾಯಿತು.

ಸೂಚನೆ ಸಿಕ್ಕಿದ್ದು ಆ ಸೆಮಿಫೈನಲ್ ಸುತ್ತಿನಲ್ಲಿಯೇ. ಅಲ್ಲಿ ಹೆಮಿಂಗ್ಸ್ 52.99 ಸೆಕೆಂಡ್ ಓಡಿದರು. 1988ರ ಸೋಲ್ ಕೂಟದಲ್ಲಿ ಆಸ್ಟ್ರೇಲಿಯಾದ ಡೆಬ್ಬಿ ಫ್ಲಿಂಟಾಫ್-ಕಿಂಗ್ ಬರೆದಿದ್ದ 53.17 ಸೆಕೆಂಡ್‌ಗಳ ಒಲಿಂಪಿಕ್ ದಾಖಲೆ ಅಳಿಸಿಹೋಯಿತು. ಒಲಿಂಪಿಕ್ಸ್‌ನಲ್ಲಿ ಮಹಿಳೆಯೊಬ್ಬರು ಈ ದೂರವನ್ನು 53 ಸೆಕೆಂಡಿನೊಳಗೆ ಮುಗಿಸಿದ್ದು ಅದೇ ಮೊದಲು. ಸೆಮಿಫೈನಲ್‌ನಲ್ಲಿ ದಾಖಲೆ ಮಾಡಿದವರು ಫೈನಲ್‌ನಲ್ಲಿ ಬಸವಳಿಯುವುದುಂಟು, ಮೈಯಲ್ಲಿದ್ದ ಕಸುವನ್ನೆಲ್ಲ ಮೊದಲೇ ಸುರಿದುಬಿಟ್ಟಿರುತ್ತಾರೆ. ಹೆಮಿಂಗ್ಸ್ ಹಾಗಾಗಲಿಲ್ಲ. ಫೈನಲ್‌ನಲ್ಲಿ 52.82 ಸೆಕೆಂಡ್ ಓಡಿ ತಮ್ಮದೇ ದಾಖಲೆಯನ್ನು ಉತ್ತಮಪಡಿಸಿದರು. ಬ್ಯಾಟನ್ 53.08, ಬುಫರ್ಡ್ (ಆಗ ಬುಫರ್ಡ್-ಬೈಲಿ) 53.22. ನಾಲ್ಕನೆಯ ಸ್ಥಾನ ಜಮೈಕಾದವರೇ ಆದ ಡೆಬ್ಬಿ-ಆ್ಯನ್ ಪ್ಯಾರಿಸ್ ಅವರದು. ಕಾಲು ಸೆಕೆಂಡಿನ ಈ ಅಂತರ 400 ಮೀಟರ್ ಹರ್ಡಲ್ಸ್‌ನ ಒಲಿಂಪಿಕ್ ಫೈನಲ್‌ನಲ್ಲಿ ಸಣ್ಣದಲ್ಲ. ಅದೃಷ್ಟದಿಂದ ಒಲಿದ ಗೆಲುವು ಎಂದು ಯಾರಾದರೂ ಹೇಳಿದರೆ ಈ ಎರಡು ದಿನಗಳ ಅಂಕಿಗಳನ್ನು ಅವರ ಮುಂದಿಡಿ: ಪದಕ ಗೆದ್ದ ಇನ್ನಿಬ್ಬರಲ್ಲಿ ಯಾರೂ ಆ ಕೂಟದ ಫೈನಲ್‌ನಲ್ಲಿ ಹೆಮಿಂಗ್ಸ್ ಅವರ ಸೆಮಿಫೈನಲ್‌ನ ಕಾಲವನ್ನೂ ಮುಟ್ಟಲಿಲ್ಲ.

ಇನ್ನೊಂದು ಮಾತು, ಇದು ಓಟಕ್ಕೆ ನೇರವಾಗಿ ಸಂಬಂಧಿಸಿದ್ದಲ್ಲದಿದ್ದರೂ ನನಗೆ ಹೇಳದೆ ಇರಲಾಗುತ್ತಿಲ್ಲ. ಬ್ರಿಟಿಷ್ ಆಳ್ವಿಕೆಯಲ್ಲಿ ಗುಲಾಮಗಿರಿ ಕೊನೆಗೊಂಡ ನೆನಪಿನ ದಿನ ಆಗಸ್ಟ್ 1. ಜಮೈಕಾ ಸ್ವತಂತ್ರವಾದದ್ದು 1962ರ ಆಗಸ್ಟ್ 6ರಂದು. ಅಲ್ಲಿನ ಹೆಣ್ಣುಮಗಳೊಬ್ಬಳು ದೇಶದ ಮಹಿಳೆಯರ ಮೊದಲ ಒಲಿಂಪಿಕ್ ಚಿನ್ನ ಗೆದ್ದದ್ದು ವಿಮೋಚನಾ ದಿನದ ಹಿಂದಿನ ಸಂಜೆ.

ಪ್ರಶ್ನೆ: ಆ 52.82 ಸೆಕೆಂಡ್‌ಗಳ ಒಲಿಂಪಿಕ್ ದಾಖಲೆ ಎಷ್ಟು ಕಾಲ ಉಳಿಯಿತು?
(ಓದುಗರು, ಹಾಸನ)

ಉತ್ತರ: ಎಂಟು ವರ್ಷ. 2004ರ ಅಥೆನ್ಸ್ ಕೂಟದ ಸೆಮಿಫೈನಲ್‌ನಲ್ಲಿ ಗ್ರೀಸ್‌ನ ಫಾನಿ ಹಾಲ್ಕಿಯಾ 52.77 ಸೆಕೆಂಡ್ ಓಡಿ ಅದನ್ನು ಮುರಿದರು. ವಿಶೇಷವೆಂದರೆ, ಹಾಲ್ಕಿಯಾ ಫೈನಲ್ ಗೆದ್ದದ್ದು ಸರಿಯಾಗಿ 52.82 ಸೆಕೆಂಡ್‌ನಲ್ಲಿ, ಹೆಮಿಂಗ್ಸ್ ಅಟ್ಲಾಂಟಾದಲ್ಲಿ ತೆಗೆದುಕೊಂಡಷ್ಟೇ ಕಾಲದಲ್ಲಿ.

ಪ್ರಶ್ನೆ: ಅಟ್ಲಾಂಟಾದ ನಂತರ ಹೆಮಿಂಗ್ಸ್ ಯಾವ ದೊಡ್ಡ ಕೂಟದಲ್ಲೂ ಚಿನ್ನ ಗೆಲ್ಲಲಿಲ್ಲ, ವಿಶ್ವ ಚಾಂಪಿಯನ್ ಆಗಲೇ ಇಲ್ಲ ಎಂದು ಓದಿದ್ದೇನೆ. ಹಾಗಿದ್ದರೆ ಅವರನ್ನು ಒಂದೇ ಓಟದ ಸಾಧಕಿ ಎನ್ನಬಹುದಲ್ಲವೇ?
(ಕಾಲೇಜು ಉಪನ್ಯಾಸಕರು, ಶಿವಮೊಗ್ಗ)

ಉತ್ತರ: ಎನ್ನಲಾಗದು ಎಂದು ನಾನು ಬಲವಾಗಿ ನಂಬಿದ್ದೇನೆ. ವಿಶ್ವ ಚಾಂಪಿಯನ್‌ಷಿಪ್ ಅವರಿಗೆ ಒಲಿಯಲಿಲ್ಲ ಎಂಬುದಷ್ಟೇ ನಿಜ. ಹೇಗೆ ಒಲಿಯಲಿಲ್ಲ ಎಂಬುದನ್ನು ನೋಡೋಣ.

1997ರ ಅಥೆನ್ಸ್ ವಿಶ್ವ ಚಾಂಪಿಯನ್‌ಷಿಪ್‌ನಲ್ಲಿ ಮೊರಾಕ್ಕೊದ ನೆಜಾ ಬಿದ್ವಾನ್ 52.97 ಸೆಕೆಂಡ್‌ನಲ್ಲಿ ಗೆದ್ದರು. ಹೆಮಿಂಗ್ಸ್ 53.09, ಬೆಳ್ಳಿ. ವಿಶ್ವ ದಾಖಲೆಯ ಬ್ಯಾಟನ್, ಹೆಮಿಂಗ್ಸ್ ಅವರ ಹಿಂದೆ ಮೂರನೆಯವರಾದರು. ಅದೇ ಕೂಟದಲ್ಲಿ 4x400 ರಿಲೆಯಲ್ಲಿ ಹೆಮಿಂಗ್ಸ್ ಇದ್ದ ಜಮೈಕಾ ತಂಡ ಕಂಚು ಪಡೆಯಿತು. 1999ರ ಸೆವಿಲ್‌ನಲ್ಲಿ ಕ್ಯೂಬಾದ ಡೈಮಿ ಪೆರ್ನಿಯಾ 52.89, ಬಿದ್ವಾನ್ 52.90, ಹೆಮಿಂಗ್ಸ್ 53.16. ಮತ್ತೆ ಕಂಚು. 2000ದ ಸಿಡ್ನಿ ಒಲಿಂಪಿಕ್ಸ್‌ನಲ್ಲಿ ರಷ್ಯಾದ ಇರಿನಾ ಪ್ರಿವಲೋವಾ ಎದುರಾದರು. ಅದುವರೆಗೆ 60 ಮತ್ತು 100 ಮೀಟರ್ ಓಟಗಳಿಗೆ ಹೆಸರಾಗಿದ್ದ, 1992ರ ಒಲಿಂಪಿಕ್ಸ್‌ನಲ್ಲಿ 100 ಮೀಟರ್ ಕಂಚು ಗೆದ್ದಿದ್ದ ಪ್ರಿವಲೋವಾ ಹರ್ಡಲ್ಸ್‌ಗೆ ಹೊಸಬರು. 53.02 ಸೆಕೆಂಡ್‌ನಲ್ಲಿ ಅವರು ಚಿನ್ನಕ್ಕೆ ಕೊರಳೊಡ್ಡಿದರು. ಹೆಮಿಂಗ್ಸ್ 53.45 ಸೆಕೆಂಡ್, ಬೆಳ್ಳಿ. ಬಿದ್ವಾನ್ ಈ ಬಾರಿ ಅವರ ಹಿಂದೆ, ಕಂಚು. ಆಗ ಹೆಮಿಂಗ್ಸ್‌ಗೆ 32 ತುಂಬಲು ಎರಡೇ ವಾರ ಉಳಿದಿತ್ತು.

ಈಗ ಗೆದ್ದವರ ಹೆಸರುಗಳನ್ನು ಒಟ್ಟಿಗೆ ಓದಿ: ಬ್ಯಾಟನ್, ಬಿದ್ವಾನ್, ಪೆರ್ನಿಯಾ, ಪ್ರಿವಲೋವಾ. ಪ್ರತಿ ಬಾರಿಯೂ ಚಿನ್ನ ಗೆದ್ದವರು ಬೇರೆ ಬೇರೆ, ಬೇರೆ ಬೇರೆ ದೇಶದವರು. 1995, 1996, 1997, 1999 ಮತ್ತು 2000ದ ಐದು ಜಾಗತಿಕ ಫೈನಲ್‌ಗಳ ವೇದಿಕೆಯ ಮೇಲೆ ಪ್ರತಿ ಸಲವೂ ನಿಂತದ್ದು ಒಬ್ಬರೇ. ಕಂಚು, ಚಿನ್ನ, ಬೆಳ್ಳಿ, ಕಂಚು, ಬೆಳ್ಳಿ. 1992ರ ಬಾರ್ಸಿಲೋನಾ ಫೈನಲ್‌ನಲ್ಲಿ ಅವರು ಏಳನೆಯವರಾಗಿದ್ದುದನ್ನೂ ಲೆಕ್ಕಕ್ಕೆ ಹಿಡಿದರೆ ಮೂರು ಒಲಿಂಪಿಕ್ ಫೈನಲ್‌ಗಳಾದವು. ಎದುರಾಳಿಗಳು ಬಂದರು, ಒಂದೆರಡು ವರ್ಷ ಉರಿದರು, ಗಾಯಗೊಂಡರು ಅಥವಾ ಸ್ಪರ್ಧೆಯನ್ನೇ ಬದಲಾಯಿಸಿದರು. ಹೆಮಿಂಗ್ಸ್ ಮಾತ್ರ ಹತ್ತನೆಯ ಹರ್ಡಲ್‌ನ ಬಳಿ ಪ್ರತಿ ವರ್ಷ ಹಾಜರಿದ್ದರು. ಅವರ ಬದುಕಿನ ಸಾರವನ್ನು ನಾನು ಕಾಣುವುದು ಅಟ್ಲಾಂಟಾದ ಒಂದು ಸಂಜೆಯಲ್ಲಿ ಅಷ್ಟೇ ಅಲ್ಲ, ಈ ಆರು ವರ್ಷಗಳ ಸಾಲಿನಲ್ಲಿ. ಸಣ್ಣ ಗಾಯವೊಂದು ಇಡೀ ಋತುವನ್ನು ನುಂಗಿಬಿಡಬಲ್ಲ ಸ್ಪರ್ಧೆಯಲ್ಲಿ ಇಂಥ ಸಾಲು ಅಪರೂಪ.

ಪ್ರಶ್ನೆ: ಸಿಡ್ನಿಯಲ್ಲಿ ಅವರು ರಿಲೆ ಬೆಳ್ಳಿಯನ್ನೂ ಗೆದ್ದರು. ಆ ಓಟದಲ್ಲಿ ಚಿನ್ನ ಪಡೆದ ಅಮೆರಿಕ ತಂಡದಲ್ಲಿ ಮರಿಯನ್ ಜೋನ್ಸ್ ಇದ್ದರು. ಜೋನ್ಸ್ ಪದಕ ಕಳೆದುಕೊಂಡ ಮೇಲೆ ಜಮೈಕಾಕ್ಕೆ ಚಿನ್ನ ಸಿಗಬೇಕಿತ್ತಲ್ಲವೇ?
(ವಕೀಲರು, ಬೆಂಗಳೂರು)

ಉತ್ತರ: ಸಿಗಲಿಲ್ಲ. ಸ್ಯಾಂಡಿ ರಿಚರ್ಡ್ಸ್, ಕ್ಯಾಥರೀನ್ ಸ್ಕಾಟ್, ಡಿಯಾನ್ ಹೆಮಿಂಗ್ಸ್, ಲೊರೇನ್ ಗ್ರಹಾಮ್ ಅವರಿದ್ದ ಜಮೈಕಾ ತಂಡ 4x400 ರಿಲೆಯಲ್ಲಿ ಅಮೆರಿಕದ ಹಿಂದೆ ಎರಡನೆಯದಾಗಿ ಮುಗಿಸಿತ್ತು. ಉದ್ದೀಪನ ಮದ್ದು ಬಳಸಿದ್ದಾಗಿ ಜೋನ್ಸ್ 2007ರಲ್ಲಿ ಒಪ್ಪಿಕೊಂಡರು. 2008ರಲ್ಲಿ ಅಂತರರಾಷ್ಟ್ರೀಯ ಒಲಿಂಪಿಕ್ ಸಮಿತಿ ಅವರ ರಿಲೆ ಸಂಗಾತಿಗಳ ಪದಕಗಳನ್ನೂ ರದ್ದುಮಾಡಿತು. ಆ ಸಂಗಾತಿಗಳು ಕ್ರೀಡಾ ನ್ಯಾಯಮಂಡಳಿಯ ಮೊರೆಹೋದರು. ಒಬ್ಬರ ತಪ್ಪಿಗೆ ಇಡೀ ತಂಡವನ್ನು ಅನರ್ಹಗೊಳಿಸುವ ಸ್ಪಷ್ಟ ನಿಯಮ 2000ದಲ್ಲಿ ಇರಲಿಲ್ಲ ಎಂಬ ಕಾರಣಕ್ಕೆ ನ್ಯಾಯಮಂಡಳಿ 2010ರಲ್ಲಿ ಅವರ ಪರ ತೀರ್ಪು ಕೊಟ್ಟಿತು. ನೀವು ಕಾನೂನು ಬಲ್ಲವರು, ಆ ತರ್ಕವನ್ನು ನನಗಿಂತ ಚೆನ್ನಾಗಿ ಅರಿಯುತ್ತೀರಿ. ಕ್ರೀಡೆಯ ಕಣ್ಣಿನಿಂದ ನೋಡುವ ನನಗೆ ಮಾತ್ರ, ತಮ್ಮ ಪಾಲಿನ ಓಟವನ್ನು ನಿಯಮಬದ್ಧವಾಗಿ ಓಡಿದ ಜಮೈಕಾದ ನಾಲ್ವರಿಗೆ ಅನ್ಯಾಯವಾಯಿತು ಎಂದೇ ಅನ್ನಿಸುತ್ತದೆ.

ಪ್ರಶ್ನೆ: ನಮ್ಮ ಪಿ.ಟಿ. ಉಷಾ ಅವರೂ ಇದೇ ಸ್ಪರ್ಧೆಯಲ್ಲಿ ಕಂಚು ತಪ್ಪಿಸಿಕೊಂಡವರು. ಕರ್ನಾಟಕದವರು ಯಾರಾದರೂ ಈ ಓಟದಲ್ಲಿ ಹೆಸರು ಮಾಡಿದ್ದಾರೆಯೇ?
(ಗೃಹಿಣಿ, ಉಡುಪಿ)

ಉತ್ತರ: ಹೆಸರು ಮಾಡಿದವರು ನಿಮ್ಮ ಜಿಲ್ಲೆಯವರೇ. ಸಿದ್ದಾಪುರದ ಅಶ್ವಿನಿ ಅಕ್ಕುಂಜಿ 2010ರ ಗುವಾಂಗ್ಝೌ ಏಷ್ಯನ್ ಕ್ರೀಡಾಕೂಟದಲ್ಲಿ 400 ಮೀಟರ್ ಹರ್ಡಲ್ಸ್ ಚಿನ್ನವನ್ನು 56.15 ಸೆಕೆಂಡ್‌ನಲ್ಲಿ ಗೆದ್ದರು. ಅಲ್ಲಿ ರಿಲೆ ಚಿನ್ನದಲ್ಲೂ ಅವರ ಪಾಲಿತ್ತು.

ಉಷಾ ಅವರ ಓಟಕ್ಕೂ ಜಮೈಕಾಕ್ಕೂ ಒಂದು ಎಳೆ ಇದೆ. ಒಲಿಂಪಿಕ್ಸ್‌ನಲ್ಲಿ ಮಹಿಳೆಯರ 400 ಮೀಟರ್ ಹರ್ಡಲ್ಸ್ ಮೊದಲ ಬಾರಿಗೆ ನಡೆದದ್ದೇ 1984ರ ಲಾಸ್ ಏಂಜಲೀಸ್‌ನಲ್ಲಿ. ಮೊರಾಕ್ಕೊದ ನವಾಲ್ ಎಲ್ ಮುತವಕಿಲ್ 54.61 ಸೆಕೆಂಡ್‌ನಲ್ಲಿ ಗೆದ್ದ ಆ ಫೈನಲ್‌ನಲ್ಲಿ ಉಷಾ 55.42 ಸೆಕೆಂಡ್ ಓಡಿ, ರುಮೇನಿಯಾದ ಕ್ರಿಸ್ಟಿಯಾನಾ ಕೊಜೊಕಾರು ಅವರಿಗಿಂತ ಸೆಕೆಂಡಿನ ನೂರನೇ ಒಂದು ಭಾಗದಷ್ಟು ಹಿಂದುಳಿದು ನಾಲ್ಕನೆಯವರಾದರು. ಅದೇ ಫೈನಲ್‌ನಲ್ಲಿ ಎಂಟನೆಯವರಾಗಿ ಬಂದದ್ದು ಜಮೈಕಾದ ಸ್ಯಾಂಡ್ರಾ ಫಾರ್ಮರ್. ಮುಂದೆ ಅವರು ಅಮೆರಿಕದ ಪರ ಓಡತೊಡಗಿದರು, ಸ್ಯಾಂಡ್ರಾ ಫಾರ್ಮರ್-ಪ್ಯಾಟ್ರಿಕ್ ಎಂಬ ಹೆಸರಿನಲ್ಲಿ 1992ರ ಒಲಿಂಪಿಕ್ ಬೆಳ್ಳಿ ಗೆದ್ದರು. ಹೆಮಿಂಗ್ಸ್ ಕೂಡ ಅಮೆರಿಕದಲ್ಲಿ ಓದಿದರು, ಅಮೆರಿಕದ ಗುರುವಿನ ಬಳಿ ಕಲಿತರು, ಆದರೆ ಕೊನೆಯವರೆಗೂ ಜಮೈಕಾದ ಕಪ್ಪು, ಹಸಿರು, ಹೊಂಬಣ್ಣವನ್ನೇ ತೊಟ್ಟರು. ಉಷಾ ಅವರ 55.42 ಸೆಕೆಂಡ್‌ಗಳನ್ನು ಭಾರತದ ಮತ್ತೊಬ್ಬ ಓಟಗಾರ್ತಿ ಸರಿಗಟ್ಟಲು 39 ವರ್ಷ ಹಿಡಿಯಿತು. ತಮಿಳುನಾಡಿನ ವಿತ್ಯಾ ರಾಮರಾಜ್ 2023ರ ಹಾಂಗ್‌ಝೌ ಏಷ್ಯನ್ ಕೂಟದಲ್ಲಿ ಸರಿಯಾಗಿ ಅಷ್ಟೇ ಕಾಲದಲ್ಲಿ ಓಡಿದರು.

ಪ್ರಶ್ನೆ: ಹೆಮಿಂಗ್ಸ್ ನಂತರ ಜಮೈಕಾದಲ್ಲಿ ಈ ಸ್ಪರ್ಧೆಯನ್ನು ಮುಂದುವರಿಸಿದವರು ಯಾರು?
(ಓದುಗರು, ಕಲಬುರಗಿ)

ಉತ್ತರ: ಮೊದಲು ಹೇಳಬೇಕಾದವರು ಕಿಂಗ್‌ಸ್ಟನ್ನಿನ ಮೆಲೇನ್ ವಾಕರ್. ಸ್ಟೀಫನ್ ಫ್ರಾನ್ಸಿಸ್ ಅವರ ಗರಡಿಯಲ್ಲಿ, ಅಂದರೆ ಜಮೈಕಾದ ನೆಲದಲ್ಲೇ ಪಳಗಿದ ವಾಕರ್ 2008ರ ಬೀಜಿಂಗ್ ಒಲಿಂಪಿಕ್ಸ್‌ನಲ್ಲಿ 52.64 ಸೆಕೆಂಡ್ ಓಡಿ ಹೊಸ ಒಲಿಂಪಿಕ್ ದಾಖಲೆಯೊಂದಿಗೆ ಚಿನ್ನ ಗೆದ್ದರು. ಎರಡನೆಯವರಿಗೂ ಅವರಿಗೂ ಒಂದು ಸೆಕೆಂಡಿಗಿಂತ ಹೆಚ್ಚು ಅಂತರವಿತ್ತು. ಮರುವರ್ಷ ಬರ್ಲಿನ್‌ನಲ್ಲಿ 52.42 ಸೆಕೆಂಡ್‌ನೊಂದಿಗೆ, ಹೆಮಿಂಗ್ಸ್ ಅವರಿಗೆ ದಕ್ಕದಿದ್ದ ವಿಶ್ವ ಚಾಂಪಿಯನ್ ಪಟ್ಟವನ್ನೂ ಜಮೈಕಾಕ್ಕೆ ತಂದರು.

ಆಮೇಲೆ ಬಂದವರಲ್ಲಿ ರಶೆಲ್ ಕ್ಲೇಟನ್ 2019 ಮತ್ತು 2023ರ ವಿಶ್ವ ಚಾಂಪಿಯನ್‌ಷಿಪ್‌ಗಳಲ್ಲಿ ಕಂಚು ಗೆದ್ದಿದ್ದಾರೆ. ಅಮೆರಿಕದ ಓಟಗಾರ್ತಿ ಸಿಡ್ನಿ ಮೆಕ್‌ಲಾಫ್ಲಿನ್ ಮತ್ತು ನೆದರ್‌ಲೆಂಡ್ಸ್‌ನ ಫೆಮ್ಕೆ ಬೋಲ್ ಅವರಿಂದಾಗಿ ಈ ಸ್ಪರ್ಧೆ ಈಗ 51 ಸೆಕೆಂಡಿನ ಒಳಕ್ಕೂ ಇಳಿದಿದೆ. 2023ರಲ್ಲಿ ಬುಡಾಪೆಸ್ಟ್‌ನಲ್ಲಿ ಕ್ಲೇಟನ್ ಅವರಿಗೆ ಕಂಚು ತಂದುಕೊಟ್ಟ ಕಾಲ 52.81 ಸೆಕೆಂಡ್. ಇಪ್ಪತ್ತೇಳು ವರ್ಷಗಳ ಹಿಂದೆ ಹೆಮಿಂಗ್ಸ್ ಅಟ್ಲಾಂಟಾದಲ್ಲಿ ಓಡಿದ್ದಕ್ಕಿಂತ ಅದು ಸೆಕೆಂಡಿನ ನೂರನೇ ಒಂದು ಭಾಗದಷ್ಟು ಮಾತ್ರ ಕಡಿಮೆ.